ದೂರ ಹೆಚ್ಚು, ಹೊತ್ತು ಕಡಿಮೆ: ಫೇತ್ ಕಿಪ್ಯೆಗಾನ್ ಓಟವನ್ನು ಓದುವುದು ಹೇಗೆ

2016ರ ಆಗಸ್ಟ್‌ನಲ್ಲಿ ಕೀನ್ಯಾದ ಫೇತ್ ಕಿಪ್ಯೆಗಾನ್ ರಿಯೊ ಒಲಿಂಪಿಕ್ಸ್‌ನ 1500 ಮೀಟರ್ ಓಟ ಗೆದ್ದಾಗ ಫಲಕದ ಮೇಲೆ ಮೂಡಿದ ಸಮಯ 4 ನಿಮಿಷ 8.92 ಸೆಕೆಂಡ್. ಏಳು ವರ್ಷ ಕಳೆದ ಮೇಲೆ, 2023ರ ಜುಲೈ 21ರಂದು, ಮೊನಾಕೊದಲ್ಲಿ ಅವರೇ ಒಂದು ಮೈಲಿ ಓಡಿದರು. ಮೈಲಿ ಅಂದರೆ 1609 ಮೀಟರ್ ಚಿಲ್ಲರೆ. ಅದಕ್ಕೆ ಹಿಡಿದ ಸಮಯ 4 ನಿಮಿಷ 7.64 ಸೆಕೆಂಡ್. 109 ಮೀಟರ್ ಹೆಚ್ಚಿಗೆ ಓಡಿ, ಸೆಕೆಂಡಿಗೂ ಮಿಕ್ಕಿ ಮೊದಲೇ ಮುಗಿಸಿದ್ದರು.

ನಮ್ಮ ಕಡೆಯ ಎರಡು ಅಂಕಿ ಇದರ ಪಕ್ಕದಲ್ಲಿಟ್ಟರೆ ಗೊಂದಲ ಇನ್ನೂ ಹೆಚ್ಚುತ್ತದೆ. 2002ರ ಬುಸಾನ್ ಏಷ್ಯನ್ ಗೇಮ್ಸ್‌ನಲ್ಲಿ ಸುನೀತಾ ರಾಣಿ 1500 ಮೀಟರನ್ನು 4:06.03ರಲ್ಲಿ ಓಡಿ ಚಿನ್ನ ಗೆದ್ದಿದ್ದರು. 2024ರಲ್ಲಿ ಕೆ.ಎಂ. ದೀಕ್ಷಾ ಲಾಸ್ ಏಂಜಲೀಸ್‌ನಲ್ಲಿ 4:04.78 ಓಡಿ ರಾಷ್ಟ್ರೀಯ ದಾಖಲೆ ಮಾಡಿದರು. ಎರಡೂ ರಿಯೊ ಚಿನ್ನದ ಸಮಯಕ್ಕಿಂತ ವೇಗದವು. ಹಾಗಾದರೆ ಇವರಿಬ್ಬರೂ ರಿಯೊದಲ್ಲಿ ಓಡಿದ್ದರೆ ಕಿಪ್ಯೆಗಾನ್ ಬೆಳ್ಳಿಗೋ ಕಂಚಿಗೋ ಇಳಿಯುತ್ತಿದ್ದರೇ? ಖಂಡಿತ ಇಲ್ಲ. ಯಾಕೆ ಇಲ್ಲ ಅನ್ನುವುದು ಗೊತ್ತಾದರೆ ಮಧ್ಯಮ ದೂರದ ಓಟದ ಅರ್ಧ ಗುಟ್ಟು ಬಿಟ್ಟುಕೊಟ್ಟಂತೆ. ಉಳಿದರ್ಧಕ್ಕೆ ಈ ಹೆಣ್ಣುಮಗಳ ಹದಿನೈದು ವರ್ಷದ ಓಟವನ್ನು ನೋಡಬೇಕು.

ಮೊದಲು ದೂರದ ಲೆಕ್ಕ. ಬೆಂಗಳೂರಿನ ಕಂಠೀರವದಂಥ 400 ಮೀಟರ್ ಟ್ರ್ಯಾಕಿನಲ್ಲಿ 1500 ಅಂದರೆ ಮೂರೂ ಮುಕ್ಕಾಲು ಸುತ್ತು. ಹಾಗಾಗಿ ಓಟ ಶುರುವಾಗುವುದು ಮುಕ್ತಾಯದ ಗೆರೆಯಲ್ಲಲ್ಲ, ಅದರ ಎದುರು ಬದಿಯಲ್ಲಿ. ಮೊದಲು 300 ಮೀಟರ್, ಆಮೇಲೆ ಮೂರು ಪೂರ್ತಿ ಸುತ್ತು. ಕಿಪ್ಯೆಗಾನ್ ಅವರ ಈಗಿನ ವಿಶ್ವದಾಖಲೆ 3:48.68. ಅದನ್ನು ಹಂಚಿದರೆ ಒಂದೊಂದು ಸುತ್ತಿಗೆ 61 ಸೆಕೆಂಡು, ಗಂಟೆಗೆ ಸುಮಾರು 23.6 ಕಿಲೋಮೀಟರ್ ವೇಗ. ಸಂಜೆ ಆರರ ಹೊತ್ತಿಗೆ ಸಿಲ್ಕ್ ಬೋರ್ಡ್ ಕಡೆ ಸ್ಕೂಟರ್ ಹೊಡೆಯುವವರಿಗೆ ಈ ವೇಗ ಕನಸು.

ದೇಹದೊಳಗೆ ಆಗ ನಡೆಯುವುದನ್ನು ಸಂಬಳ ಮತ್ತು ಕೈಗಡದ ಲೆಕ್ಕದಲ್ಲಿ ಹೇಳಬಹುದು. ಉಸಿರಾಡಿದ ಆಮ್ಲಜನಕದಿಂದ ಸ್ನಾಯುಗಳು ಹುಟ್ಟಿಸಿಕೊಳ್ಳುವ ಶಕ್ತಿ ಸಂಬಳ ಇದ್ದಂತೆ. ಬರುತ್ತಲೇ ಇರುತ್ತದೆ, ಆದರೆ ಅದಕ್ಕೊಂದು ಮಿತಿ ಇದೆ. ಆ ಮಿತಿ ಮೀರಿ ವೇಗ ಬೇಕಾದಾಗ ಸ್ನಾಯು ಆಮ್ಲಜನಕವಿಲ್ಲದೆಯೇ ಸಕ್ಕರೆಯನ್ನು ಒಡೆದು ಶಕ್ತಿ ತೆಗೆಯುತ್ತದೆ. ಇದು ಕೈಗಡ. ತಕ್ಷಣ ಸಿಗುತ್ತದೆ, ಬಡ್ಡಿ ಮಾತ್ರ ವಿಪರೀತ: ಸ್ನಾಯುವಿನೊಳಗೆ ಆಮ್ಲೀಯತೆ ಏರಿ ಕಾಲು ಸೀಸದಂತೆ ಭಾರವಾಗುತ್ತದೆ. 100 ಮೀಟರ್ ಓಟ ಬಹುಪಾಲು ಕೈಗಡದಲ್ಲೇ ಮುಗಿಯುತ್ತದೆ, ಮ್ಯಾರಥಾನ್ ಹೆಚ್ಚೂಕಡಿಮೆ ಸಂಬಳದ ಮೇಲೆ ಸಾಗುತ್ತದೆ. 1500 ಮೀಟರಿನಲ್ಲಿ ಮುಕ್ಕಾಲು ಪಾಲಿಗೂ ಹೆಚ್ಚು ಸಂಬಳ, ಉಳಿದದ್ದು ಕೈಗಡ. ಆ ಉಳಿದ ಭಾಗವನ್ನು ಯಾವಾಗ ಎತ್ತಬೇಕು? ಎರಡನೇ ಸುತ್ತಿನಲ್ಲೇ ಎತ್ತಿದವರು ಕೊನೆಯ ನೇರ ಹಾದಿಯಲ್ಲಿ ದಿವಾಳಿ. ಎತ್ತದೇ ಉಳಿಸಿಕೊಂಡವರು ಐದನೇ ಸ್ಥಾನದಲ್ಲಿ ಬಂದು, ಇನ್ನೂ ಶಕ್ತಿ ಮಿಕ್ಕಿತ್ತಲ್ಲ ಎಂದು ಕೈ ಹಿಸುಕಿಕೊಳ್ಳುತ್ತಾರೆ.

ಈಗ ರಿಯೊ. ಒಲಿಂಪಿಕ್ಸ್ ಮತ್ತು ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ವೇಗ ಹಿಡಿದುಕೊಡುವ ಪೇಸರ್‌ಗಳು ಇರುವುದಿಲ್ಲ. ಪದಕ ಸಿಗುವುದು ಸ್ಥಾನಕ್ಕೆ, ಸಮಯವನ್ನು ಯಾರೂ ಕೇಳುವುದಿಲ್ಲ. ಮುಂದೆ ಓಡುವವರು ಗಾಳಿಯನ್ನು ಸೀಳಬೇಕು, ಹಿಂದಿನವರು ಅವರ ಬೆನ್ನ ಮರೆಯಲ್ಲಿ ಶಕ್ತಿ ಉಳಿಸಿಕೊಳ್ಳುತ್ತಾರೆ. ಮೇಲಾಗಿ ಫೈನಲ್‌ಗೆ ಬರುವ ಹೊತ್ತಿಗೆ ಎಲ್ಲರ ಕಾಲಲ್ಲೂ ಹೀಟ್ಸ್ ಮತ್ತು ಸೆಮಿಫೈನಲ್‌ನ ದಣಿವು. ಹೀಗಿರುವಾಗ ಮುಂದೆ ಹೋಗುವ ಮೂರ್ಖತನ ಯಾರು ಮಾಡಿಯಾರು? ಹನ್ನೆರಡು ಜನರೂ ‘ನೀನು ಹೋಗು, ನೀನು ಹೋಗು’ ಎನ್ನುತ್ತ ಜಾಗಿಂಗ್‌ನಂತೆ ಸಾಗುತ್ತಾರೆ. ಅಷ್ಟರಲ್ಲಿ ಯಾರೋ ಒಬ್ಬರು ಸಿಡಿಯುತ್ತಾರೆ. ಮುಂದಿನ ಎರಡು ನಿಮಿಷದಲ್ಲಿ ಎಲ್ಲ ತೀರ್ಮಾನವಾಗಿಬಿಡುತ್ತದೆ.

2015ರಲ್ಲಿ ಇದರ ಅಪ್ಪಟ ಉದಾಹರಣೆ ಸಿಕ್ಕಿತ್ತು. ಆ ಜುಲೈನಲ್ಲಿ ಇಥಿಯೋಪಿಯಾದ ಗೆನ್ಜೆಬೆ ದಿಬಾಬಾ ಮೊನಾಕೊದಲ್ಲಿ 3:50.07 ಓಡಿ, ಚೀನಾದ ಚು ಯುನ್‌ಶಿಯಾ ಹೆಸರಲ್ಲಿ 22 ವರ್ಷ ಅಲುಗಾಡದೆ ನಿಂತಿದ್ದ ವಿಶ್ವದಾಖಲೆಯನ್ನು ಮುರಿದರು. ಮುಂದಿನ ತಿಂಗಳು ಬೀಜಿಂಗ್ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಅದೇ ದಿಬಾಬಾ ಚಿನ್ನ ಗೆದ್ದದ್ದು 4:08.09ರಲ್ಲಿ! ಆವತ್ತು ಬೆಳ್ಳಿ ಕಿಪ್ಯೆಗಾನ್‌ಗೆ. ಮರುವರ್ಷ ರಿಯೊದಲ್ಲಿ ನಾಟಕ ಅದೇ, ಕೊನೆಯ ಅಂಕ ಮಾತ್ರ ಬೇರೆ. ಆರಂಭ ಆಮೆನಡಿಗೆ. ಎರಡು ಸುತ್ತಿನಷ್ಟು ಬಾಕಿ ಇರುವಾಗ ದಿಬಾಬಾ ಕಿತ್ತುಕೊಂಡು ಹೊರಟರು. ಕಿಪ್ಯೆಗಾನ್ ನೆರಳಿನ ಹಾಗೆ ಹಿಂದೆಯೇ ಇದ್ದು, ಕೊನೆಯ ಸುತ್ತಿನಲ್ಲಿ ದಾಟಿ, 1.35 ಸೆಕೆಂಡಿನ ಅಂತರದಲ್ಲಿ ಗೆದ್ದರು. 4:08.92 ಎಂಬ ಸರಾಸರಿಯ ಹೊಟ್ಟೆಯೊಳಗೆ ಎರಡು ಓಟಗಳು ಅಡಗಿದ್ದವು. ಎರಡನೆಯದು ಭೀಕರ ವೇಗದ್ದು. ನಮ್ಮ ದಾಖಲೆಗಾರ್ತಿಯರು ಗಳಿಸಿದ ಸಮಯವನ್ನು ಇದರ ಪಕ್ಕ ಇಡುವುದು, ಟೆಸ್ಟ್ ಪಂದ್ಯದ ಶತಕವನ್ನು ಐಪಿಎಲ್ ಶತಕದ ಪಕ್ಕ ಇಟ್ಟು ತೂಗಿದ ಹಾಗೆ.

ಅಂದರೆ 1500 ಮೀಟರ್ ಒಂದು ಹೆಸರಿನ ಎರಡು ಆಟ. ಒಂದು, ಎದುರಾಳಿಯ ಜೊತೆ ಆಡುವುದು. ಇನ್ನೊಂದು, ಗಡಿಯಾರದ ಜೊತೆ ಆಡುವುದು. ಒಂದರಲ್ಲಿ ನಿಪುಣರಾದವರು ಇನ್ನೊಂದರಲ್ಲಿ ಎಡವುವುದು ಸಾಮಾನ್ಯ. ಕಿಪ್ಯೆಗಾನ್ ಮೊದಲು ಕಲಿತದ್ದು ಮೊದಲನೆಯದನ್ನು.

ಅವರು ಹುಟ್ಟಿದ್ದು 1994ರ ಜನವರಿ 10ರಂದು. ಬೆಳೆದದ್ದು ಕೀನ್ಯಾದ ರಿಫ್ಟ್ ಕಣಿವೆಯ ಎತ್ತರದ ನೆಲದಲ್ಲಿರುವ ಕೆರಿಂಗೆಟ್ ಸೀಮೆಯಲ್ಲಿ. ಒಂಬತ್ತು ಮಕ್ಕಳಲ್ಲಿ ಎಂಟನೆಯವರು. ಹದಿನಾರನೇ ವಯಸ್ಸಿಗೆ ಪೋಲೆಂಡ್‌ನ ಬಿಡ್‌ಗೋಷ್‌ನಲ್ಲಿ ವಿಶ್ವ ಕ್ರಾಸ್ ಕಂಟ್ರಿಯ ಜೂನಿಯರ್ ಓಟದಲ್ಲಿ ಬರಿಗಾಲಲ್ಲಿ ಓಡಿ ನಾಲ್ಕನೆಯವರಾದರು. ಮರುವರ್ಷ ಸ್ಪೇನ್‌ನ ಪುಂಟಾ ಉಂಬ್ರಿಯಾದಲ್ಲಿ ಮತ್ತೆ ಬರಿಗಾಲು, ಈ ಸಲ ಚಿನ್ನ. 2011ರಲ್ಲಿ ವಿಶ್ವ ಯೂತ್, 2012ರಲ್ಲಿ ವಿಶ್ವ ಜೂನಿಯರ್ 1500 ಮೀಟರ್ ಚಿನ್ನ. ಅದೇ ವರ್ಷ ಲಂಡನ್ ಒಲಿಂಪಿಕ್ಸ್‌ಗೆ ಹೋಗಿ ಹೀಟ್ಸ್‌ನಲ್ಲೇ ಹೊರಬಿದ್ದರು. ಆ ಲಂಡನ್ ಫೈನಲ್ ಆಮೇಲೆ ಕುಖ್ಯಾತವಾಯಿತು: ಚಿನ್ನ, ಬೆಳ್ಳಿ ಗೆದ್ದ ಟರ್ಕಿಯ ಇಬ್ಬರೂ ಉದ್ದೀಪನ ಮದ್ದಿನ ಪ್ರಕರಣದಲ್ಲಿ ಪದಕ ಕಳೆದುಕೊಂಡರು. ಹದಿನೆಂಟರ ಹುಡುಗಿ ಹೀಟ್ಸ್‌ನಲ್ಲೇ ಮನೆಗೆ ಹೋದದ್ದು ಒಂದು ರೀತಿಯಲ್ಲಿ ಒಳ್ಳೆಯದೇ ಆಯಿತು ಅಂತ ನನಗೆ ಅನ್ನಿಸುವುದಿದೆ.

2017ರ ಲಂಡನ್ ವಿಶ್ವ ಚಾಂಪಿಯನ್‌ಷಿಪ್ ಹೊತ್ತಿಗೆ ಅವರು ಎದುರಾಳಿಯ ಆಟದಲ್ಲಿ ಪಳಗಿದ್ದರು. ಜೆನ್ನಿ ಸಿಂಪ್ಸನ್‌ಗಿಂತ 0.17 ಸೆಕೆಂಡು ಮುಂದೆ ಗೆರೆ ಮುಟ್ಟಿ ಚಿನ್ನ. ಮೂರನೆಯವರು 800 ಮೀಟರಿನ ರಾಣಿ ಕ್ಯಾಸ್ಟರ್ ಸೆಮೆನ್ಯಾ.

ಆಮೇಲೆ ಎರಡು ವರ್ಷದ ಹತ್ತಿರ ಹತ್ತಿರ ಸದ್ದೇ ಇಲ್ಲ. 2018ರ ಜೂನ್‌ನಲ್ಲಿ ಮಗಳು ಆಲಿನ್ ಹುಟ್ಟಿದಳು. ಗಂಡ ತಿಮೊತಿ ಕಿಟುಮ್ ಕೂಡ ಓಟಗಾರ, ಲಂಡನ್ ಒಲಿಂಪಿಕ್ಸ್‌ನ 800 ಮೀಟರಿನಲ್ಲಿ ಕಂಚು ಗೆದ್ದವರು. ಹೆರಿಗೆ ತುರ್ತು ಸಿಸೇರಿಯನ್. ಓಟಗಾರ್ತಿಗೆ ಇದರ ಅರ್ಥ ಏನು ಅಂತ ಸ್ವಲ್ಪ ನಿಂತು ನೋಡಬೇಕು. ದಾಪುಗಾಲು ಹಾಕುವಾಗ ಕಾಲು ಎಷ್ಟೇ ಬಲವಾಗಿರಲಿ, ಆ ಬಲವನ್ನು ಮೈಯ ಮೇಲ್ಭಾಗಕ್ಕೆ ದಾಟಿಸುವುದು ಹೊಟ್ಟೆ ಮತ್ತು ಸೊಂಟದ ಸ್ನಾಯುಗಳು. ಹೊಲಿಗೆ ಬಿದ್ದಿರುವುದು ಅಲ್ಲೇ. ನಮ್ಮಲ್ಲಿ ಬಾಣಂತನ ಅಂತ ತಿಂಗಳುಗಟ್ಟಲೆ ಏಳಲು ಬಿಡದೆ ಕೂರಿಸುತ್ತಾರಲ್ಲ, ಅದರಾಚೆಗೆ ನಡಿಗೆ, ನಡಿಗೆಯಿಂದ ಜಾಗಿಂಗ್, ಅಲ್ಲಿಂದ ವೇಗದ ಓಟ ಎಂದು ಮೆಟ್ಟಿಲು ಹತ್ತಬೇಕು.

ದುಡ್ಡಿನ ಸಂಗತಿಯೂ ಇದೆ. ಓಟಗಾರ್ತಿಯರ ಆದಾಯದ ದೊಡ್ಡ ಪಾಲು ಶೂ ಕಂಪನಿಗಳ ಒಪ್ಪಂದದಿಂದ ಬರುತ್ತದೆ. ಓಡದಿದ್ದರೆ ಹಣಕ್ಕೆ ಕತ್ತರಿ ಬೀಳುವ ಷರತ್ತುಗಳು ಗರ್ಭಿಣಿಯರಿಗೂ ಅನ್ವಯವಾಗುತ್ತಿದ್ದವು. 2019ರ ಮೇನಲ್ಲಿ ಅಮೆರಿಕದ ಅಲಿಸಿಯಾ ಮೊಂಟಾನ್ಯೊ, ಆಲಿಸನ್ ಫೆಲಿಕ್ಸ್ ಬಹಿರಂಗವಾಗಿ ಮಾತಾಡಿದ ಮೇಲೆ ನೈಕಿ ತನ್ನ ಒಪ್ಪಂದದ ನಿಯಮಗಳನ್ನು ಬದಲಿಸಿತು. ಅದಕ್ಕೂ ಮೊದಲು ಎಷ್ಟು ಹೆಣ್ಣುಮಕ್ಕಳು ತಾಯ್ತನವನ್ನು ಮುಂದೂಡಿದರೋ, ಓಟ ಬಿಟ್ಟರೋ, ಆ ಲೆಕ್ಕ ಯಾವ ದಾಖಲೆ ಪುಸ್ತಕದಲ್ಲೂ ಸಿಗದು.

ಕಿಪ್ಯೆಗಾನ್ ಮರಳಿದ್ದು 2019ರ ಜೂನ್ 30ರಂದು, ಕ್ಯಾಲಿಫೋರ್ನಿಯಾದ ಪ್ರಿಫೊಂಟೇನ್ ಕೂಟದಲ್ಲಿ. ಬಂದ ದಿನವೇ ಗೆದ್ದರು. ಆದರೆ ಅವರ ಓಟದ ದಿಕ್ಕು ಬದಲಿಸಿದ್ದು ಆ ಗೆಲುವಲ್ಲ, ಮೂರು ತಿಂಗಳ ಮೇಲೆ ದೋಹಾ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಕಂಡ ಸೋಲು. ಅಲ್ಲಿ ನೆದರ್ಲೆಂಡ್ಸ್‌ನ ಸಿಫಾನ್ ಹಸನ್ ಹಳೆಯ ಆಟದ ನಿಯಮವನ್ನೇ ಹರಿದು ಬಿಸಾಕಿದರು. ಯಾರ ಬೆನ್ನ ಮರೆಯೂ ಬೇಡ ಅಂತ ಮುಂದೆ ನಿಂತು, ಎಲ್ಲರ ಉಸಿರು ತೆಗೆದು, 3:51.95ರಲ್ಲಿ ಮುಗಿಸಿದರು. ಕಿಪ್ಯೆಗಾನ್ 3:54.22 ಓಡಿ ಕೀನ್ಯಾದ ದಾಖಲೆ ಮಾಡಿಯೂ ಬೆಳ್ಳಿಯಲ್ಲೇ ಉಳಿದರು. ಹೊಂಚು ಹಾಕಿ ಕೊನೆಗೆ ನುಗ್ಗುವ ಕಾಲ ಮುಗಿದಿತ್ತು.

ಎರಡನೇ ಆಟ ಕಲಿಯಲು ಅವರಿಗಿದ್ದ ಶಾಲೆ ಕಪ್ತಗತ್. ಎಲ್ಡೊರೆಟ್ ಪಟ್ಟಣದ ಸಮೀಪ, ಸಮುದ್ರಮಟ್ಟದಿಂದ ಸುಮಾರು 2,400 ಮೀಟರ್ ಎತ್ತರದಲ್ಲಿರುವ ಶಿಬಿರ. ನಮ್ಮ ಮುಳ್ಳಯ್ಯನಗಿರಿಯ ತುದಿ 1,930 ಮೀಟರ್, ಊಟಿ 2,240. ಅದಕ್ಕಿಂತ ಮೇಲೆ, ಕೆಂಪು ಮಣ್ಣಿನ ದಾರಿಯಲ್ಲಿ ಇವರ ದಿನನಿತ್ಯದ ಓಟ. ಅಷ್ಟು ಎತ್ತರದ ತೆಳು ಗಾಳಿಯಲ್ಲಿ ಆಮ್ಲಜನಕ ಸಾಲದೆಂದು ದೇಹ ಹೆಚ್ಚು ಕೆಂಪು ರಕ್ತಕಣಗಳನ್ನು ತಯಾರಿಸಿಕೊಳ್ಳುತ್ತದೆ. ಕೆಳಗಿನ ಊರಿನ ಟ್ರ್ಯಾಕಿಗೆ ಇಳಿದಾಗ ಸಂಬಳ ಏರಿದ ಹಾಗೆ. ಇಲ್ಲಿನ ಗುರು ಪ್ಯಾಟ್ರಿಕ್ ಸಾಂಗ್, 1992ರ ಬಾರ್ಸಿಲೋನಾ ಒಲಿಂಪಿಕ್ಸ್‌ನ ಸ್ಟೀಪಲ್‌ಚೇಸ್ (ಅಡೆತಡೆ ಹಾರುವ ಓಟ) ಬೆಳ್ಳಿ ವಿಜೇತ. ಜೊತೆಗಾರ ಮ್ಯಾರಥಾನ್ ದಿಗ್ಗಜ ಎಲಿಯುಡ್ ಕಿಪ್ಚೋಗೆ. ಶಿಬಿರದ ಕಸ ಗುಡಿಸುವುದು, ಶೌಚಾಲಯ ತೊಳೆಯುವುದು ಸರದಿಯ ಮೇಲೆ ಓಟಗಾರರದೇ ಕೆಲಸ, ಒಲಿಂಪಿಕ್ ಚಾಂಪಿಯನ್ ಆದರೂ ವಿನಾಯಿತಿ ಇಲ್ಲ. ವಾರವಿಡೀ ಶಿಬಿರದಲ್ಲಿದ್ದು ವಾರಾಂತ್ಯಕ್ಕೆ ಮನೆಗೆ, ಮಗಳ ಹತ್ತಿರ.

ಫಲ ಸಾಲು ಸಾಲಾಗಿ ಬಂತು. 2021ರ ಟೋಕಿಯೊ ಒಲಿಂಪಿಕ್ಸ್ ಚಿನ್ನ 3:53.11ರಲ್ಲಿ, 1988ರಿಂದ ನಿಂತಿದ್ದ ರೊಮೇನಿಯಾದ ಪಾವುಲಾ ಇವಾನ್ ಒಲಿಂಪಿಕ್ ದಾಖಲೆ ಆ ದಿನ ಬಿತ್ತು. 2022ರ ಯುಜೀನ್ ವಿಶ್ವ ಚಿನ್ನ 3:52.96ರಲ್ಲಿ. ರಿಯೊದ 4:08ರ ಪಕ್ಕ ಇಟ್ಟು ನೋಡಿ. ಚಾಂಪಿಯನ್‌ಷಿಪ್ ಓಟವೂ ಈಗ ದಾಖಲೆಯ ಓಟದ ವೇಗಕ್ಕೆ ಬಂದಿತ್ತು, ಎರಡು ಆಟಗಳ ನಡುವಿನ ಬೇಲಿ ಸಡಿಲವಾಗಿತ್ತು. 2022ರ ಆಗಸ್ಟ್‌ನಲ್ಲಿ ಮೊನಾಕೊದಲ್ಲಿ 3:50.37 ಓಡಿ, ದಿಬಾಬಾ ದಾಖಲೆಯನ್ನು 0.30 ಸೆಕೆಂಡಿನಲ್ಲಿ ತಪ್ಪಿಸಿಕೊಂಡರು. ಎರಡು ಹೆಜ್ಜೆ ಅಷ್ಟೆ.

2023ರ ಬೇಸಿಗೆಯ ಏಳು ವಾರಗಳನ್ನು ಈ ಆಟದ ಪ್ರಿಯರು ಬಹುಕಾಲ ನೆನಪಿಡುತ್ತಾರೆ. ಜೂನ್ 2, ಫ್ಲಾರೆನ್ಸ್: 1500 ಮೀಟರ್ 3:49.11, ವಿಶ್ವದಾಖಲೆ. ಜೂನ್ 9, ಪ್ಯಾರಿಸ್: 5000 ಮೀಟರ್ 14:05.20, ವಿಶ್ವದಾಖಲೆ. ಅದು ಅವರು ಅಪರೂಪಕ್ಕೆ ಓಡುತ್ತಿದ್ದ ದೂರ, ಹಿಂದಿನ ದಾಖಲೆಗಾರ್ತಿ ಲೆಟೆಸೆನ್‌ಬೆಟ್ ಗಿಡೆ ಅದೇ ಓಟದಲ್ಲಿ ಅವರ ಹಿಂದೆ ಎರಡನೆಯವರಾಗಿ ಬಂದರು. ಜುಲೈ 21, ಮೊನಾಕೊ: ಮೊದಲೇ ಹೇಳಿದ ಮೈಲಿ. ಹಸನ್ ಅವರ ಹಳೆಯ ದಾಖಲೆಯಿಂದ 4.69 ಸೆಕೆಂಡು ಕಳೆದುಬಿಟ್ಟಿತ್ತು. ಇದರಲ್ಲಿ ಒಂದು ಸಣ್ಣ ಮೋಸ ಉಂಟು, ಅದನ್ನೂ ಹೇಳಬೇಕು: ಮೈಲಿ ಒಲಿಂಪಿಕ್ ಓಟವಲ್ಲ, ಆಗೊಮ್ಮೆ ಈಗೊಮ್ಮೆ ಮಾತ್ರ ಓಡುತ್ತಾರೆ, ಹಾಗಾಗಿ ಅದರ ದಾಖಲೆ ತುಸು ಸಡಿಲವಾಗಿಯೇ ಇತ್ತು. ಆದರೂ ಆ ರಾತ್ರಿ ಸೋತವರೆಲ್ಲ ಗೆರೆಯ ಬಳಿ ಕಾದು ನಿಂತು ಗೆದ್ದವರನ್ನು ತಬ್ಬಿಕೊಂಡ ದೃಶ್ಯ ನೋಡಿದವರಿಗೆ ಈ ತಕರಾರು ನೆನಪಿಗೆ ಬಂದಿರಲಾರದು.

ದಾಖಲೆಯ ಓಟ ನಡೆಯುವ ಬಗೆ ಹೀಗೆ. ಆಯೋಜಕರು ಒಬ್ಬಿಬ್ಬರು ಪೇಸರ್‌ಗಳನ್ನು ಹಣ ಕೊಟ್ಟು ಕರೆಸುತ್ತಾರೆ. ಅವರು ಮೊದಲ ಒಂದೆರಡು ಸುತ್ತನ್ನು ಹೇಳಿದ ವೇಗದಲ್ಲಿ ಎಳೆದುಕೊಟ್ಟು ಪಕ್ಕಕ್ಕೆ ಸರಿಯುತ್ತಾರೆ. ಟ್ರ್ಯಾಕಿನ ಒಳ ಅಂಚಿನಲ್ಲಿ ಸಾಲು ದೀಪಗಳಿದ್ದು, ದಾಖಲೆಯ ವೇಗದಲ್ಲಿ ಒಂದು ಬೆಳಕು ಸುತ್ತ ಓಡುತ್ತಿರುತ್ತದೆ. ಬೆಳಕಿಗಿಂತ ಮುಂದಿದ್ದರೆ ದಾಖಲೆ, ಹಿಂದೆ ಬಿದ್ದರೆ ಇಲ್ಲ. ಕಾಲಲ್ಲಿ ಹೊಸ ಬಗೆಯ ಫೋಮ್ ಮತ್ತು ಗಟ್ಟಿ ಪಟ್ಟಿ ಇರುವ ಸ್ಪೈಕ್ಸ್, ಅಂದರೆ ಮೊಳೆಯ ಶೂ. ಇದೆಲ್ಲ ಇಲ್ಲದ ಕಾಲದವರ ಸಮಯವನ್ನು ಇಂದಿನದಕ್ಕೆ ನೇರವಾಗಿ ಹೋಲಿಸುವುದು ಸರಿಯಲ್ಲ ಎಂಬ ವಾದದಲ್ಲಿ ಹುರುಳಿದೆ. ಆದರೆ ಅದೇ ದೀಪ, ಅದೇ ಶೂ ಇದ್ದ ಇತರರು ಎಷ್ಟು ಹಿಂದೆ ಉಳಿದರು ಎಂಬುದನ್ನೂ ನೋಡಬೇಕಲ್ಲ.

ಆ ಆಗಸ್ಟ್‌ನಲ್ಲಿ ಬುಡಾಪೆಸ್ಟ್‌ನಲ್ಲಿ 1500, 5000 ಎರಡರಲ್ಲೂ ವಿಶ್ವ ಚಿನ್ನ. 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಎರಡನ್ನೂ ಮತ್ತೆ ಹಿಡಿಯಲು ಹೋದಾಗ ಪೆಟ್ಟು ಬಿತ್ತು. ಆಗಸ್ಟ್ 5ರ 5000 ಫೈನಲ್‌ನಲ್ಲಿ ಇಥಿಯೋಪಿಯಾದ ಗುದಾಫ್ ಸೆಗೆ ಜೊತೆ ಒಳ ಲೇನಿಗಾಗಿ ಭುಜ ತಾಗಿಸಾಟ ನಡೆಯಿತು. ಎರಡನೆಯವರಾಗಿ ಬಂದ ಕಿಪ್ಯೆಗಾನ್‌ರನ್ನು ಅಡ್ಡಿಪಡಿಸಿದ್ದಕ್ಕೆ ಅನರ್ಹಗೊಳಿಸಿದರು, ಕೀನ್ಯಾ ಮೇಲ್ಮನವಿ ಸಲ್ಲಿಸಿದ ಮೇಲೆ ಬೆಳ್ಳಿ ಮರಳಿತು. ಮಾರನೇ ದಿನವೇ 1500ರ ಹೀಟ್ಸ್, ಎಂಟಕ್ಕೆ ಸೆಮಿಫೈನಲ್, ಹತ್ತಕ್ಕೆ ಫೈನಲ್. ಸೆಗೆ ಮುಂದೆ ಹಾರಿ ವೇಗ ಏರಿಸಿದರು. ಕಿಪ್ಯೆಗಾನ್ ಬೆನ್ನಿಗಂಟಿದ್ದು ಕೊನೆಯಲ್ಲಿ ದಾಟಿ 3:51.29. ಸೆಗೆ ಕೈಗಡದ ಬಡ್ಡಿ ಕಟ್ಟಲಾರದೆ ಕೊನೆಯ ಸ್ಥಾನಗಳಿಗೆ ಜಾರಿದರು. ಒಲಿಂಪಿಕ್ಸ್‌ನ 1500 ಮೀಟರನ್ನು ಸತತ ಮೂರು ಸಲ ಗೆದ್ದವರು ಗಂಡಸರಲ್ಲೂ ಇರಲಿಲ್ಲ.

ಇದಕ್ಕೆ ಇನ್ನೊಂದು ಹಿನ್ನೆಲೆ ಬೇಕು. ಗಂಡಸರು ಒಲಿಂಪಿಕ್ಸ್‌ನಲ್ಲಿ 1500 ಓಡಲು ಶುರು ಮಾಡಿದ್ದು 1896ರಲ್ಲಿ. ಹೆಂಗಸರಿಗೆ 1928ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ 800 ಮೀಟರ್ ಓಡಲು ಬಿಟ್ಟು, ಓಟದ ಕೊನೆಯಲ್ಲಿ ಅವರು ದಣಿದದ್ದನ್ನೇ ದೊಡ್ಡದು ಮಾಡಿ, ಆ ಓಟವನ್ನು 1960ರವರೆಗೆ ಮುಚ್ಚಿಬಿಟ್ಟರು. ಓಡಿದವರು ದಣಿಯದೆ ಇನ್ನೇನು ಮಾಡಬೇಕಿತ್ತೋ! ಮಹಿಳೆಯರ 1500 ಬಂದದ್ದು 1972ರ ಮ್ಯೂನಿಕ್‌ನಲ್ಲಿ. ಮೈಲಿಯ ಕತೆ ಇನ್ನೂ ಚೆನ್ನಾಗಿದೆ. 1954ರ ಮೇ 6ರಂದು ಆಕ್ಸ್‌ಫರ್ಡ್‌ನಲ್ಲಿ ರಾಜರ್ ಬ್ಯಾನಿಸ್ಟರ್ ನಾಲ್ಕು ನಿಮಿಷದ ಗಡಿ ದಾಟಿದ್ದು ಜಗತ್ತಿಗೇ ಗೊತ್ತು. ಅದಾಗಿ 23 ದಿನಕ್ಕೆ ಬರ್ಮಿಂಗ್‌ಹ್ಯಾಮ್‌ನಲ್ಲಿ ಡಯೇನ್ ಲೆದರ್ 4:59.6 ಓಡಿ, ಐದು ನಿಮಿಷದೊಳಗೆ ಮೈಲಿ ಮುಗಿಸಿದ ಮೊದಲ ಮಹಿಳೆಯಾದರು. ಅದನ್ನು ಅಧಿಕೃತ ವಿಶ್ವದಾಖಲೆ ಎಂದೂ ಪರಿಗಣಿಸಲಿಲ್ಲ.

ಹೆಣ್ಣು ನಾಲ್ಕು ನಿಮಿಷದೊಳಗೆ ಮೈಲಿ ಓಡಬಹುದೇ? 4:07.64ರಿಂದ ನಾಲ್ಕರ ಕೆಳಗೆ ಬರಲು ಶೇ 3ರಷ್ಟು, ಅಂದರೆ ಸುತ್ತಿಗೆ ಸುಮಾರು ಎರಡು ಸೆಕೆಂಡು ಉಳಿಸಬೇಕು. ಈ ಮಟ್ಟದಲ್ಲಿ ಎರಡು ಸೆಕೆಂಡು ಅಂದರೆ ಒಂದು ತಲೆಮಾರು. 2025ರ ಫೆಬ್ರುವರಿಯಲ್ಲಿ ಅಮೆರಿಕದ ಸಂಶೋಧಕ ರಾಜರ್ ಕ್ರಾಮ್ ಮತ್ತು ಸಂಗಡಿಗರು ಉತ್ತರವನ್ನು ಗಾಳಿಯಲ್ಲಿ ಹುಡುಕಿದರು. ವೇಗ ಏರಿದಂತೆ ಗಾಳಿಯ ತಡೆ ವೇಗದ ವರ್ಗದಂತೆ ಏರುತ್ತದೆ. ಮುಂದೊಬ್ಬರು, ಹಿಂದೊಬ್ಬರು ಸರಿಯಾದ ಅಂತರದಲ್ಲಿ ಓಡಿದರೆ ನಡುವಿನವರಿಗೆ ಆ ಹೊರೆ ಬಹಳ ಇಳಿಯುತ್ತದೆ. ಹಾಗೆ ಓಡಿದರೆ ಕಿಪ್ಯೆಗಾನ್ 3:59.37 ಮುಟ್ಟಬಹುದು ಎಂದು ಅವರ ಲೆಕ್ಕ. ಹಿಂದೆ ಓಡುವವರಿಂದ ಮುಂದಿನವರಿಗೆ ಏನು ಲಾಭ ಎಂದು ಕೇಳಬಹುದು. ಓಡುವವರ ಬೆನ್ನ ಹಿಂದೆ ಗಾಳಿಯ ಒತ್ತಡ ಕಡಿಮೆಯಾಗಿ ಅವರನ್ನು ಹಿಂದಕ್ಕೆ ಎಳೆಯುತ್ತಿರುತ್ತದೆ. ಆ ಜಾಗದಲ್ಲಿ ಇನ್ನೊಂದು ದೇಹ ಬಂದರೆ ಎಳೆತ ತಗ್ಗುತ್ತದೆ.

ಆ ವರ್ಷದ ಜೂನ್ 26ರಂದು ಪ್ಯಾರಿಸ್‌ನ ಶಾರ್ಲೆಟಿ ಕ್ರೀಡಾಂಗಣದಲ್ಲಿ ನೈಕಿ ಇದನ್ನು ಪ್ರಯೋಗಕ್ಕಿಳಿಸಿತು. ಬಹುಪಾಲು ಗಂಡಸರೇ ಇದ್ದ 13 ಪೇಸರ್‌ಗಳು, ಗಾಳಿ ಜಾರಲೆಂದು ಸಣ್ಣ ಉಬ್ಬುಗಳಿದ್ದ ಮೈಗಂಟಿದ ಉಡುಪು, ಅವರಿಗೆಂದೇ ಮಾಡಿದ ಸ್ಪೈಕ್ಸ್. ಹೆಂಗಸರ ಓಟಕ್ಕೆ ಗಂಡಸರು ಪೇಸರ್ ಆದರೆ ದಾಖಲೆ ಊರ್ಜಿತವಾಗುವುದಿಲ್ಲ, ಅದು ಮೊದಲೇ ಗೊತ್ತಿದ್ದದ್ದೇ. ಮುಗಿದಾಗ ಗಡಿಯಾರ 4 ನಿಮಿಷ 6 ಸೆಕೆಂಡು ದಾಟಿತ್ತು. ಅಷ್ಟೆಲ್ಲ ಸಿದ್ಧತೆಗೆ ಸಿಕ್ಕಿದ್ದು ಹಳೆಯ ದಾಖಲೆಗಿಂತ ಸೆಕೆಂಡಿನ ಆಸುಪಾಸು. ನನ್ನ ಮಟ್ಟಿಗೆ ಹೇಳುವುದಾದರೆ ಆ ರಾತ್ರಿಯ ಅತಿ ಆಸಕ್ತಿಯ ಸಂಗತಿ ಇದೇ: ಕಾಗದದ ಮೇಲಿನ ಗಾಳಿ ಟ್ರ್ಯಾಕಿನ ಮೇಲೆ ಅಷ್ಟು ಸುಲಭಕ್ಕೆ ಬಗ್ಗಲಿಲ್ಲ.

ಒಂಬತ್ತು ದಿನ ಬಿಟ್ಟು, ಜುಲೈ 5ರಂದು, ಅವರು ಯುಜೀನ್‌ನಲ್ಲಿ ಮಾಮೂಲಿ ನಿಯಮಗಳಡಿ 1500 ಮೀಟರನ್ನು 3:48.68ರಲ್ಲಿ ಓಡಿದರು. ಈ ವೇಗದಲ್ಲಿ ಅವರು ಗೆರೆ ಮುಟ್ಟುವಾಗ, ನಮ್ಮ ರಾಷ್ಟ್ರೀಯ ದಾಖಲೆಯ ವೇಗದಲ್ಲಿ ಓಡುವವರು ಸುಮಾರು 100 ಮೀಟರ್ ಹಿಂದೆ, ಕೊನೆಯ ತಿರುವಿನಿಂದ ಹೊರಬರುತ್ತಿರುತ್ತಾರೆ.

ಆ ಸೆಪ್ಟೆಂಬರ್‌ನ ಟೋಕಿಯೊ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಪೇಸರ್ ಇರಲಿಲ್ಲ. ಕಿಪ್ಯೆಗಾನ್ ತಾವೇ ಮುಂದೆ ನಿಂತು ಎಳೆದರು: 3:52.15, 1500ರಲ್ಲಿ ನಾಲ್ಕನೇ ವಿಶ್ವ ಚಿನ್ನ, ಎರಡನೆಯವರಾದ ಡೋರ್ಕಸ್ ಇವೊಯಿಗಿಂತ 2.77 ಸೆಕೆಂಡು ಮುಂದೆ. ದೋಹಾದಲ್ಲಿ ಹಸನ್ ತಮಗೆ ಮಾಡಿದ್ದನ್ನು ಇಲ್ಲಿ ಕಿಪ್ಯೆಗಾನ್ ಉಳಿದವರಿಗೆ ಮಾಡಿದರು. ಅದಾಗಿ ನಾಲ್ಕು ದಿನಕ್ಕೆ 5000 ಮೀಟರ್ ಫೈನಲ್. ಅಲ್ಲಿ ಎಲ್ಲರೂ ಹಳೆಯ ಕಾಲದಂತೆ ‘ನೀನು ಹೋಗು’ ಎಂದು ನಿಧಾನಕ್ಕೆ ಸಾಗಿದರು. ಎರಡು ತಿಂಗಳ ಹಿಂದಷ್ಟೇ 13:58.06 ಓಡಿ ವಿಶ್ವದಾಖಲೆ ಮಾಡಿದ್ದ ಬಿಯಾಟ್ರಿಸ್ ಚೆಬೆಟ್ 14:54.36ರಲ್ಲಿ ಚಿನ್ನ ಗೆದ್ದರು. ಕೊನೆಯ ನುಗ್ಗಾಟದಲ್ಲಿ 0.71 ಸೆಕೆಂಡು ಹಿಂದೆ ಬಿದ್ದು ಬೆಳ್ಳಿ ಪಡೆದವರು, ರಿಯೊದಲ್ಲಿ ಇದೇ ಆಟ ಆಡಿ ಗೆದ್ದಿದ್ದ ಕಿಪ್ಯೆಗಾನ್.